ಹಳೆಯ ಆಟದ ಪೆಟ್ಟಿಗೆಗೊಂದು ಉಗ್ರಾಣ

ಪ್ಲೇಸ್ಟೇಷನ್-2 ಎಂಬ ಕಪ್ಪು ಪೆಟ್ಟಿಗೆಗೆ ವಯಸ್ಸಾದಾಗ ಸಾಮಾನ್ಯವಾಗಿ ಮೊದಲು ಮಂಜಾಗುವುದು ಅದರ ಕಣ್ಣು. ಮಿದುಳು ಚುರುಕಾಗಿಯೇ ಇರುತ್ತದೆ, ಟಿ.ವಿ.ಗೆ ಚಿತ್ರ, ಸದ್ದು ಕಳಿಸುವ ಭಾಗಗಳೂ ನೆಟ್ಟಗಿರುತ್ತವೆ. ಆದರೆ ಗಿರಗಿರನೆ ತಿರುಗುವ ಡಿಸ್ಕಿನ ಮೇಲೆ ಬೆಳಕಿನ ಚುಕ್ಕೆ ಚೆಲ್ಲಿ ಓದಬೇಕಾದ ಲೇಸರ್ ಮಾತ್ರ ದೂಳು, ಸವೆತ, ವಯಸ್ಸು ಮೂರಕ್ಕೂ ಸೋತು ತಡಕಾಡತೊಡಗುತ್ತದೆ. ಆಟ ಅರ್ಧಕ್ಕೇ ನಿಲ್ಲುತ್ತದೆ. ಮನೆಯ ಹುಡುಗ ಡಿಸ್ಕನ್ನು ಹೊರತೆಗೆದು ಅಂಗಿಯ ಚುಂಗಿನಿಂದ ಒರೆಸುತ್ತಾನೆ, ಉಫ್ ಎಂದು ಊದುತ್ತಾನೆ, ಮತ್ತೆ ಹಾಕುತ್ತಾನೆ. ನಾಲ್ಕಾರು ದಿನ ಈ ಉಪಚಾರ ನಡೆದ ಮೇಲೆ ಪೆಟ್ಟಿಗೆ ಅಟ್ಟ ಸೇರುತ್ತದೆ.

ಹೀಗೆ ಅಟ್ಟ ಸೇರಿದ ಪೆಟ್ಟಿಗೆಗಳು ಕಡಿಮೆಯೇನಿಲ್ಲ. ಜಪಾನಿನ ಸೋನಿ ಕಂಪನಿ 2000ದ ಮಾರ್ಚ್ 4ರಂದು ಮಾರುಕಟ್ಟೆಗೆ ಬಿಟ್ಟ ಈ ಯಂತ್ರ, 2013ರಲ್ಲಿ ತಯಾರಿಕೆ ನಿಲ್ಲುವ ಹೊತ್ತಿಗೆ ಜಗತ್ತಿನಾದ್ಯಂತ 15 ಕೋಟಿಗೂ ಹೆಚ್ಚು ಮಾರಾಟವಾಗಿತ್ತು. ಅಂದು ಅದರ ಮುಂದೆ ಕೂತು ಬೈಸಿಕೊಂಡ ಮಕ್ಕಳೇ ಇಂದು ಅಪ್ಪ, ಅಮ್ಮ ಆಗಿದ್ದಾರೆ. ತಾವು ಆಡಿದ್ದನ್ನು ತಮ್ಮ ಮಕ್ಕಳಿಗೆ ತೋರಿಸಬೇಕೆಂದು ಪೆಟ್ಟಿಗೆಯನ್ನು ಅಟ್ಟದಿಂದ ಇಳಿಸಿದರೆ ಅದು ಡಿಸ್ಕನ್ನೇ ಗುರುತಿಸುವುದಿಲ್ಲ. ಹೊಸ ಲೇಸರ್ ಹಾಕಿಸಬಹುದು. ಅದಕ್ಕಿಂತ ಕುತೂಹಲಕರವಾದ ಇನ್ನೊಂದು ದಾರಿಯಿದೆ: ಡಿಸ್ಕನ್ನೇ ಬಿಟ್ಟು, ಆಟವನ್ನು ಹಾರ್ಡ್ ಡಿಸ್ಕಿಗೆ ತುಂಬಿ ಅಲ್ಲಿಂದ ಆಡಿಸುವುದು. ಕಣ್ಣಿಲ್ಲದಿದ್ದರೂ ಯಂತ್ರ ಓಡುತ್ತದೆ. ಹಲವು ಸಲ ಕಣ್ಣಿದ್ದಾಗಿಗಿಂತ ಚುರುಕಾಗಿಯೇ ಓಡುತ್ತದೆ.

ಏಕೆ ಚುರುಕು ಎಂಬುದನ್ನು ತಿಳಿಯಲು ಅಡುಗೆಮನೆಗೆ ಹೋದರೆ ಸಾಕು. ಅಡುಗೆ ಕಟ್ಟೆಯ ಮೇಲೆ ಜಾಗ ಕಡಿಮೆ. ಈಗಿನ ಒಂದು ಒಗ್ಗರಣೆಗೆ ಬೇಕಾದಷ್ಟು ಸಾಮಾನು ಮಾತ್ರ ಅಲ್ಲಿ ಹಿಡಿಸುತ್ತದೆ. ಪ್ಲೇಸ್ಟೇಷನ್-2ರ ಅಡುಗೆ ಕಟ್ಟೆ ಎಂದರೆ ಅದರ 32 ಮೆಗಾಬೈಟ್ ಮೆಮೊರಿ. ಆದರೆ ಒಂದು ಡಿವಿಡಿಯಲ್ಲಿ ಅದರ ನೂರಿಪ್ಪತ್ತು, ನೂರೈವತ್ತು ಪಟ್ಟು ಸಾಮಾನಿರುತ್ತದೆ. ಆಟಗಾರ ಒಂದು ಊರಿನಿಂದ ಇನ್ನೊಂದು ಊರಿಗೆ, ಒಂದು ಕೋಣೆಯಿಂದ ಇನ್ನೊಂದು ಕೋಣೆಗೆ ಕಾಲಿಟ್ಟಾಗಲೆಲ್ಲ ಕಟ್ಟೆಯ ಮೇಲಿನದನ್ನು ಗುಡಿಸಿ ಹೊಸ ಸಾಮಾನು ಜೋಡಿಸಬೇಕು. ಡಿಸ್ಕ್ ಎಂಬುದು ದೂರದ ಸಂತೆಯಿದ್ದಂತೆ. ಹೋಗಿಬರಲು ಹೊತ್ತು ಹಿಡಿಯುತ್ತದೆ, ಒಂದು ಸಲಕ್ಕೆ ಹೊರಬಹುದಾದ ಹೊರೆಯೂ ಸಣ್ಣದು. ಹಾರ್ಡ್ ಡಿಸ್ಕ್ ಎಂದರೆ ಮನೆಯೊಳಗಿನ ಉಗ್ರಾಣ.

ಅಂಕಿಗಳನ್ನೂ ನೋಡಬಹುದು. ಪ್ಲೇಸ್ಟೇಷನ್-2ರ ಡಿವಿಡಿ ಡ್ರೈವ್ ತನ್ನ ಪೂರ್ಣ ವೇಗದಲ್ಲಿ ಸೆಕೆಂಡಿಗೆ ಸುಮಾರು 5 ಮೆಗಾಬೈಟ್ ಓದಬಲ್ಲದು. ಹಾಗಾಗಿ 32 ಮೆಗಾಬೈಟ್ ಕಟ್ಟೆಯನ್ನು ಪೂರ್ತಿ ತುಂಬಿಸಲು ಆರು ಸೆಕೆಂಡಿಗೂ ಹೆಚ್ಚು ಬೇಕು. ಇದು ಎಲ್ಲ ಸಾಮಾನೂ ಸಾಲಾಗಿ ಒಂದೇ ಕಡೆ ಸಿಕ್ಕಿದಾಗಿನ ಮಾತು. ಚೆಲ್ಲಾಪಿಲ್ಲಿಯಾಗಿದ್ದರೆ ಲೇಸರನ್ನು ಹೊತ್ತ ಗಾಡಿ ಒಂದು ಜಾಗದಿಂದ ಇನ್ನೊಂದು ಜಾಗಕ್ಕೆ ಸರಿದು, ನಿಂತು, ಗುರಿ ಹಿಡಿಯಲು ಪ್ರತಿ ಸಲವೂ ಸೆಕೆಂಡಿನ ಹತ್ತನೆಯ ಒಂದು ಭಾಗ ಅಥವಾ ಇನ್ನೂ ಹೆಚ್ಚು ಹೊತ್ತು ಹಿಡಿಯುತ್ತದೆ. ಹಾರ್ಡ್ ಡಿಸ್ಕಿನ ತಲೆ ಅದೇ ಕೆಲಸವನ್ನು ಸೆಕೆಂಡಿನ ನೂರನೆಯ ಒಂದು ಭಾಗದಷ್ಟರಲ್ಲಿ ಮುಗಿಸುತ್ತದೆ. ನಲವತ್ತು ಕಡೆ ಹುಡುಕಾಟವಿದ್ದರೆ ಹುಡುಕುವುದಕ್ಕೇ ಅಲ್ಲಿ ನಾಲ್ಕೈದು ಸೆಕೆಂಡು, ಇಲ್ಲಿ ಅರ್ಧ ಸೆಕೆಂಡಿಗೂ ಕಡಿಮೆ. ಉಳಿತಾಯವಾಗುವುದು ಹೆಚ್ಚಾಗಿ ಈ ಅಲೆದಾಟದಲ್ಲೇ.

ಆಟ ತಯಾರಿಸುವವರಿಗೆ ಈ ಕಷ್ಟ ಗೊತ್ತಿರಲಿಲ್ಲವೆ? ಚೆನ್ನಾಗಿಯೇ ಗೊತ್ತಿತ್ತು. ಅದನ್ನು ಮರೆಮಾಚಲು ಅವರು ಮಾಡಿದ ಉಪಾಯಗಳದ್ದೇ ಒಂದು ದೊಡ್ಡ ಕಥೆ. ಮೊದಲ ಪ್ಲೇಸ್ಟೇಷನ್ನಿನ ಕಾಲದಲ್ಲಿ, 1996ರ ‘ಕ್ರ್ಯಾಷ್ ಬ್ಯಾಂಡಿಕೂಟ್’ ಆಟಕ್ಕಾಗಿ ಆಂಡಿ ಗ್ಯಾವಿನ್ ಮತ್ತು ಸಂಗಡಿಗರು ಇಡೀ ಆಟದ ಹಂತಗಳನ್ನು 64 ಕಿಲೊಬೈಟಿನ ಪುಟಗಳಾಗಿ ಕತ್ತರಿಸಿ, ನಾಯಕ ಮುಂದೆ ಓಡುತ್ತಿದ್ದಂತೆ ಮುಂದಿನ ಪುಟಗಳು ಸದ್ದಿಲ್ಲದೆ ಒಳಬರುವಂತೆ ಮಾಡಿದ್ದರು. ಇನ್ನು ಕೆಲವರು ಪದೇ ಪದೇ ಬೇಕಾಗುವ ಒಂದೇ ಮಾಹಿತಿಯನ್ನು ಡಿಸ್ಕಿನ ಹಲವು ಕಡೆ ನಕಲು ಮಾಡಿಟ್ಟರು. ಹತ್ತಿರದಲ್ಲಿ ಎಲ್ಲಿದ್ದರೆ ಅಲ್ಲಿಂದ ಎತ್ತಿಕೊಳ್ಳಲಿ ಎಂದು. ಉದ್ದನೆಯ ಓಣಿ, ನಿಧಾನವಾಗಿ ಏರುವ ಲಿಫ್ಟು, ಕಿರ್ರೆಂದು ತೆರೆಯುವ ಬಾಗಿಲು ಮುಂತಾದವು ಎಷ್ಟೋ ಆಟಗಳಲ್ಲಿ ಬರುವುದು ಕಥೆಯ ಸೊಗಸಿಗಷ್ಟೇ ಅಲ್ಲ, ಡಿಸ್ಕ್ ಓದುವಷ್ಟು ಹೊತ್ತು ಆಟಗಾರನನ್ನು ಮಾತಿನಲ್ಲಿ ಇಟ್ಟಂತೆ ಇಡುವುದಕ್ಕೂ ಹೌದು.

ಹಾರ್ಡ್ ಡಿಸ್ಕ್ ಜೋಡಿಸುವುದು ಹವ್ಯಾಸಿಗಳ ಕಿತಾಪತಿ ಎಂದು ಯಾರಾದರೂ ತಿಳಿದಿದ್ದರೆ ಅದು ತಪ್ಪು. ಆ ಯೋಚನೆ ಸೋನಿಯದೇ. ದಪ್ಪ ಪ್ಲೇಸ್ಟೇಷನ್-2ರ ಹಿಂಭಾಗದಲ್ಲಿ ಒಂದು ಮುಚ್ಚಳವಿದೆ. ಅದನ್ನು ತೆಗೆದರೆ ಮೂರೂವರೆ ಅಂಗುಲದ ಹಾರ್ಡ್ ಡಿಸ್ಕ್ ಒಳಹೋಗುವಷ್ಟು ಗೂಡು. ನೆಟ್‌ವರ್ಕ್ ಅಡಾಪ್ಟರ್ ಎಂಬ ಸಾಧನವನ್ನು ಅಲ್ಲಿ ಸಿಕ್ಕಿಸಿದರೆ ಅದರ ಬೆನ್ನಿಗೆ ಡಿಸ್ಕ್ ಅಂಟಿಕೊಳ್ಳುತ್ತದೆ. ಸೋನಿ 2001ರಲ್ಲೇ ಜಪಾನಿನಲ್ಲಿ 40 ಗಿಗಾಬೈಟಿನ ಡಿಸ್ಕನ್ನು ಮಾರಿತು. 2002ರಲ್ಲಿ ಅಮೆರಿಕ ಮತ್ತು ಯೂರೋಪಿನಲ್ಲಿ ಹೊರಬಂದ ಲೈನಕ್ಸ್ ಕಿಟ್‌ನಲ್ಲಿ ಡಿಸ್ಕಿನ ಜೊತೆಗೆ ಕೀಲಿಮಣೆ, ಮೌಸು ಕೂಡ ಇದ್ದವು. ಆಟದ ಪೆಟ್ಟಿಗೆಯನ್ನೇ ಕಂಪ್ಯೂಟರ್ ಮಾಡಿಕೊಂಡು ಪ್ರೋಗ್ರಾಂ ಬರೆಯಲು ಬಯಸುವ ವಿದ್ಯಾರ್ಥಿಗಳಿಗೆ ಅದೊಂದು ಹಬ್ಬ. ‘ಫೈನಲ್ ಫ್ಯಾಂಟಸಿ 11’ ಎಂಬ ಸಾವಿರಾರು ಜನ ಕೂಡಿ ಆಡುವ ಆಟಕ್ಕಂತೂ ಹಾರ್ಡ್ ಡಿಸ್ಕ್ ಬೇಕೇ ಬೇಕಿತ್ತು. 2004ರ ಮಾರ್ಚಿನಲ್ಲಿ ಅಮೆರಿಕದ ಅಂಗಡಿಗಳಿಗೆ ಡಿಸ್ಕ್ ಬಂದದ್ದೇ ಆ ಆಟವನ್ನು ಹೊತ್ತುಕೊಂಡು. ಬಾಗಿಲು ತೆರೆದಾಗಲೆಲ್ಲ ಆಕಳಿಸುವಷ್ಟು ಹೊತ್ತು ಕಾಯಿಸುತ್ತಿದ್ದ ‘ರೆಸಿಡೆಂಟ್ ಈವಿಲ್ ಔಟ್‌ಬ್ರೇಕ್’ ಎಂಬ ಆಟವೂ ತನ್ನನ್ನು ಹಾರ್ಡ್ ಡಿಸ್ಕಿಗೆ ತುಂಬಿಕೊಳ್ಳಲು ಅವಕಾಶ ಕೊಟ್ಟಿತ್ತು.

ಆಮೇಲೆ ಸೋನಿಗೇ ಆ ಗೂಡು ಬೇಡವಾಯಿತು. ಅದೇ 2004ರ ಕೊನೆಯಲ್ಲಿ ಬಂದ ತೆಳು ಮಾದರಿಯಲ್ಲಿ ನೆಟ್‌ವರ್ಕ್ ಕಿಂಡಿ ಉಳಿಯಿತು, ಡಿಸ್ಕಿನ ಗೂಡು ಮಾಯವಾಯಿತು. ‘ಫೈನಲ್ ಫ್ಯಾಂಟಸಿ 11’ರ ಪ್ಲೇಸ್ಟೇಷನ್-2 ಬಾಗಿಲು 2016ರ ಮಾರ್ಚಿನಲ್ಲಿ ಮುಚ್ಚಿತು. ಕಂಪನಿ ಕೈಬಿಟ್ಟ ಗೂಡಿನಲ್ಲಿ ಸಂಸಾರ ಹೂಡಿದವರು ಹವ್ಯಾಸಿಗಳು.

ಇವರ ಮುಖ್ಯ ಸಾಧನ ‘ಓಪನ್ ಪಿಎಸ್2 ಲೋಡರ್’ ಎಂಬ ಮುಕ್ತ ತಂತ್ರಾಂಶ. ಅದು ಮಾಡುವ ಕೆಲಸವನ್ನು ವಿದ್ಯಾರ್ಥಿಗಳು ಗಮನಿಸಿ ನೋಡಬೇಕು. ಆಟದ ಪ್ರೋಗ್ರಾಂ ಡಿಸ್ಕಿನ ಜೊತೆ ತಾನೇ ನೇರವಾಗಿ ಮಾತಾಡುವುದಿಲ್ಲ. ಈ ಯಂತ್ರದಲ್ಲಿ ಎರಡು ಪ್ರೊಸೆಸರುಗಳಿವೆ: ಆಟ ನಡೆಸುವ ದೊಡ್ಡದು, ಹಾಗೂ ಡಿಸ್ಕು, ಜಾಯ್‌ಸ್ಟಿಕ್ಕು, ಮೆಮೊರಿ ಕಾರ್ಡುಗಳ ಚಾಕರಿ ನೋಡಿಕೊಳ್ಳುವ ಚಿಕ್ಕದು. ಈ ಚಿಕ್ಕದು ಮೊದಲ ಪ್ಲೇಸ್ಟೇಷನ್ನಿನ ಮಿದುಳೇ. ಮಗನ ಮನೆಯಲ್ಲಿ ಹಿತ್ತಿಲ ಕೆಲಸ ನೋಡಿಕೊಂಡಿರುವ ತಂದೆಯ ಹಾಗೆ. ದೊಡ್ಡದು ‘ಇಂತಿಷ್ಟನೆಯ ಭಾಗ ಬೇಕು’ ಎಂದು ಚೀಟಿ ಕೊಡುತ್ತದೆ. ಚಿಕ್ಕದರಲ್ಲಿ ಕೂತ ಸಣ್ಣದೊಂದು ಪ್ರೋಗ್ರಾಂ ಆ ಚೀಟಿ ಹಿಡಿದು ಡಿಸ್ಕಿಗೆ ಓಡುತ್ತದೆ. ಲೋಡರ್ ಆ ಓಡುವ ಆಳನ್ನೇ ಬದಲಿಸುತ್ತದೆ. ಹೊಸ ಆಳು ಅದೇ ಚೀಟಿ ಹಿಡಿದು ಸಂತೆಗೆ ಹೋಗುವ ಬದಲು ಉಗ್ರಾಣಕ್ಕೆ ಹೋಗುತ್ತಾನೆ. ಸಾಮಾನು ತಂದವನು ಯಾರು, ತಂದದ್ದು ಎಲ್ಲಿಂದ ಎಂಬುದು ಆಟಕ್ಕೆ ಗೊತ್ತೇ ಆಗುವುದಿಲ್ಲ.

ಗೊತ್ತಾಗುವುದೂ ಉಂಟು! ಕೆಲವು ಆಟಗಳು ಡಿಸ್ಕ್ ನಿಧಾನ ಎಂಬುದನ್ನೇ ನಂಬಿ ಬರೆದಂಥವು. ಚೀಟಿ ಕೊಟ್ಟು, ಸಾಮಾನು ಬರುವಷ್ಟರಲ್ಲಿ ಒಲೆ ಹೊತ್ತಿಸಿದರಾಯಿತು ಎಂಬ ಲೆಕ್ಕ ಅವುಗಳದು. ಕಣ್ಣು ಮುಚ್ಚಿ ತೆರೆಯುವಷ್ಟರಲ್ಲಿ ಸಾಮಾನು ಬಂದು ಬಿದ್ದರೆ ತಬ್ಬಿಬ್ಬಾಗಿ ನಿಂತುಬಿಡುತ್ತವೆ. ಅಂಥವಕ್ಕಾಗಿ ಲೋಡರಿನಲ್ಲಿ ಬೇಕೆಂದೇ ನಿಧಾನವಾಗಿ, ಹಳೆಯ ಡ್ರೈವಿನ ವೇಗದಲ್ಲೇ ಓದುವ ಏರ್ಪಾಡಿದೆ. ವೇಗಕ್ಕಾಗಿ ಹಾರ್ಡ್ ಡಿಸ್ಕ್ ಹಾಕಿ, ಮತ್ತೆ ಅದಕ್ಕೆ ಲಗಾಮು ಹಾಕುವುದು ತಮಾಷೆಯಾಗಿ ಕಂಡೀತು. ಆದರೆ ಎರಡು ಯಂತ್ರಗಳನ್ನು ಹೊಂದಿಸುವ ಕೆಲಸ ಯಾವಾಗಲೂ ಹೀಗೆಯೇ. ಇನ್ನೊಂದು ಮಾತು. ಕಾಯುವುದು ಪೂರ್ತಿ ತಪ್ಪುತ್ತದೆಂದು ಯಾರೂ ಎಣಿಸಬಾರದು. ಬಂದ ಸಾಮಾನಿನ ಗಂಟು ಬಿಚ್ಚುವ ಕೆಲಸ ದೊಡ್ಡ ಪ್ರೊಸೆಸರಿನದೇ, ಅದರ ವೇಗ 300 ಮೆಗಾಹರ್ಟ್ಸ್‌ಗೂ ತುಸು ಕಡಿಮೆ. ಯಾವ ಡಿಸ್ಕ್ ಹಾಕಿದರೂ ಅದು ಹೆಚ್ಚುವುದಿಲ್ಲ.

‘ಇಷ್ಟೆಲ್ಲ ರಗಳೆ ಏಕೆ, ಮುಂದೆಯೇ ಯುಎಸ್‌ಬಿ ಕಿಂಡಿ ಇದೆಯಲ್ಲ, ಪೆನ್ ಡ್ರೈವ್ ಸಿಕ್ಕಿಸಿದರಾಯಿತು’ ಎಂದು ಹೇಳುವ ಹುಡುಗರಿದ್ದಾರೆ. ಲೋಡರ್ ಅದನ್ನೂ ಒಪ್ಪುತ್ತದೆ. ಆದರೆ ಆ ಕಿಂಡಿ 2000ದ ಕಾಲದ್ದು, ಅಂದರೆ ಯುಎಸ್‌ಬಿಯ ಮೊದಲ ತಲೆಮಾರಿನದು. ಅದರ ಗರಿಷ್ಠ ವೇಗ ಸೆಕೆಂಡಿಗೆ 12 ಮೆಗಾಬಿಟ್. ಇಲ್ಲಿ ಬಿಟ್ ಎಂದಿದೆ, ಬೈಟ್ ಅಲ್ಲ, ಎಂಟರಿಂದ ಭಾಗಿಸಬೇಕು. ಉತ್ತರ ಒಂದೂವರೆ ಮೆಗಾಬೈಟ್. ಸಾಯುತ್ತಿರುವ ಡಿವಿಡಿ ಡ್ರೈವಿನ ಮೂರನೆಯ ಒಂದು ಭಾಗವೂ ಆಗಲಿಲ್ಲ! ಹಾಗಾಗಿ ಕಥೆ ಹೇಳುವ ಚಲನಚಿತ್ರದ ತುಣುಕು ಬಂದಾಗ ಮಾತು ತೊದಲುತ್ತದೆ, ಚಿತ್ರ ಕುಂಟುತ್ತದೆ. ಪೆನ್ ಡ್ರೈವಿನ ಮೇಲೆ ಎಷ್ಟು ದೊಡ್ಡ ವೇಗ ಬರೆದಿದ್ದರೂ ಪ್ರಯೋಜನವಿಲ್ಲ. ಕೆರೆ ಎಷ್ಟು ದೊಡ್ಡದಾದರೇನು, ತೂಬಿನಷ್ಟೇ ನೀರು. ಗೂಡಿಲ್ಲದ ತೆಳು ಮಾದರಿಯವರು ನೆಟ್‌ವರ್ಕ್ ತಂತಿಯ ಮೂಲಕ ಮನೆಯ ಕಂಪ್ಯೂಟರಿನಿಂದ ಆಟ ತರಿಸಿಕೊಳ್ಳುವುದು ಇದಕ್ಕಿಂತ ವಾಸಿ.

ಮೈಕ್ರೊಸಾಫ್ಟ್ ಕಂಪನಿಯ ಮೊದಲ ಎಕ್ಸ್‌ಬಾಕ್ಸ್‌ನ ಸಂಗತಿ ಬೇರೆ. 2001ರ ನವೆಂಬರ್ 15ರಂದು ಬಂದ ಆ ಪೆಟ್ಟಿಗೆಯಲ್ಲಿ ಹುಟ್ಟಿನಿಂದಲೇ 8 ಗಿಗಾಬೈಟಿನ ಹಾರ್ಡ್ ಡಿಸ್ಕ್ ಇತ್ತು. ಆಟದ ಮಾಹಿತಿಯನ್ನು ತಾತ್ಕಾಲಿಕವಾಗಿ ತುಂಬಿಕೊಳ್ಳಲು, ಸಾಧನೆಯನ್ನು ಉಳಿಸಿಕೊಳ್ಳಲು, ಹಾಡಿನ ಸಿ.ಡಿ.ಗಳನ್ನು ಒಳಗಿಳಿಸಿಕೊಳ್ಳಲು ಅದರ ಬಳಕೆ. ಆದರೆ ಆ ಉಗ್ರಾಣಕ್ಕೆ ಬೀಗ. ಪ್ರತಿ ಯಂತ್ರಕ್ಕೂ ಬೇರೆ ಬೇರೆ ಕೀಲಿ. ಆ ಕೀಲಿ ಯಂತ್ರದ ಫಲಕದ ಮೇಲಿನ ಪುಟ್ಟದೊಂದು ಚಿಪ್ಪಿನೊಳಗೆ. ಡಿಸ್ಕನ್ನು ಬಿಚ್ಚಿ ಕಂಪ್ಯೂಟರಿಗೆ ಹಾಕಿದರೆ ಅದು ಬಾಯಿ ಬಿಡುವುದಿಲ್ಲ. ಆಗ ಎಂಐಟಿಯಲ್ಲಿ ಓದುತ್ತಿದ್ದ ಆಂಡ್ರ್ಯೂ ಹುವಾಂಗ್ ಎಂಬ ಯುವಕ 2002ರಲ್ಲಿ ಈ ಯಂತ್ರದ ಚಿಪ್ಪುಗಳ ನಡುವೆ ಹರಿಯುವ ಸಂಕೇತಗಳನ್ನು ಕದ್ದಾಲಿಸುವ ಸಲಕರಣೆಯನ್ನು ತಾನೇ ತಯಾರಿಸಿ, ಯಂತ್ರ ಶುರುವಾಗುವಾಗ ಬಳಸುವ ಗುಟ್ಟಿನ ಕೀಲಿಯನ್ನು ಪತ್ತೆ ಮಾಡಿದ. ಮರುವರ್ಷ ಅದರ ಮೇಲೆ ಪುಸ್ತಕವನ್ನೇ ಬರೆದ. ಎಲೆಕ್ಟ್ರಾನಿಕ್ಸ್ ಓದುವವರಿಗೆ ಇಂದಿಗೂ ಅದು ಒಳ್ಳೆಯ ಪಾಠ.

ಎಕ್ಸ್‌ಬಾಕ್ಸ್ ಮನೆಯಲ್ಲಿರುವವರು ಒಂದು ಎಚ್ಚರ ವಹಿಸಬೇಕು. ಅದರ ಮೊದಮೊದಲ ಮಾದರಿಗಳಲ್ಲಿ ಗಡಿಯಾರದ ನೆನಪು ಕಾಯಲು ಇಟ್ಟ ಒಂದು ಕೆಪಾಸಿಟರ್ ವಯಸ್ಸಾದಂತೆ ಸೋರುತ್ತದೆ. ಸೋರಿದ ದ್ರವ ಫಲಕದ ತಾಮ್ರದ ಗೆರೆಗಳನ್ನು ತಿಂದುಹಾಕುತ್ತದೆ. ಅಟ್ಟದಲ್ಲಿ ಸುಮ್ಮನೆ ಕೂತಿದ್ದರೂ ಈ ಕಾಯಿಲೆ ನಿಲ್ಲುವುದಿಲ್ಲ. ಬೆಸುಗೆ ಬಲ್ಲವರಿಂದ ಅದನ್ನು ತೆಗೆಸಿಬಿಡುವುದೇ ಕ್ಷೇಮ. ಅದಿಲ್ಲದಿದ್ದರೆ ತಂತಿ ಕಿತ್ತಾಗ ದಿನಾಂಕ ಮರೆಯುತ್ತದೆ, ಅಷ್ಟೆ.

ಇನ್ನು ಹೆತ್ತವರು ಕೇಳಬೇಕಾದ ಪ್ರಶ್ನೆ. ಇದೆಲ್ಲ ಕಾನೂನಿಗೆ ಒಪ್ಪುವಂಥದೆ? ಭಾರತದ 1957ರ ಕೃತಿಸ್ವಾಮ್ಯ ಕಾಯ್ದೆಯ 52ನೆಯ ಕಲಮು, ಕಂಪ್ಯೂಟರ್ ಪ್ರೋಗ್ರಾಮಿನ ಪ್ರತಿಯನ್ನು ನ್ಯಾಯವಾಗಿ ಹೊಂದಿದವನು ಅದು ಕಳೆದುಹೋದೀತು, ಹಾಳಾದೀತು ಎಂಬ ಭಯಕ್ಕೆ ತಾತ್ಕಾಲಿಕ ರಕ್ಷಣೆಯಾಗಿ ಒಂದು ನಕಲು ಇಟ್ಟುಕೊಳ್ಳುವುದನ್ನು ಉಲ್ಲಂಘನೆ ಎಂದು ಎಣಿಸುವುದಿಲ್ಲ. ಅದೇ ಕಾಯ್ದೆಗೆ 2012ರಲ್ಲಿ ಸೇರಿಸಿದ 65ಎ ಕಲಮು, ಹಕ್ಕನ್ನು ಉಲ್ಲಂಘಿಸುವ ಉದ್ದೇಶದಿಂದ ತಾಂತ್ರಿಕ ಬೀಗ ಮುರಿಯುವವರಿಗೆ ಎರಡು ವರ್ಷದವರೆಗೆ ಸೆರೆವಾಸ, ಜೊತೆಗೆ ದಂಡ ಎನ್ನುತ್ತದೆ. ಎರಡನ್ನೂ ಒಟ್ಟಿಗೆ ಓದಿದರೆ ಉದ್ದೇಶವೇ ಮುಖ್ಯ ಎಂಬುದು ಕಾಣುತ್ತದೆ. ಕಪಾಟಿನಲ್ಲಿರುವ ಸ್ವಂತ ಡಿಸ್ಕನ್ನು ಹಾರ್ಡ್ ಡಿಸ್ಕಿಗೆ ಇಳಿಸಿಕೊಳ್ಳುವುದು ಬೇರೆ. ಗೆಳೆಯನ ಹಾರ್ಡ್ ಡಿಸ್ಕಿನಿಂದ ನೂರು ಆಟ ತುಂಬಿಸಿಕೊಂಡು ಬರುವುದು ಬೇರೆ. ಡಿಸ್ಕನ್ನು ಮಾರಿ ನಕಲನ್ನು ಇಟ್ಟುಕೊಂಡರೆ ಅದೂ ಬೇರೆಯೇ.

ನಮ್ಮ ದೇಶದಲ್ಲಿ ಈ ವಿಷಯಕ್ಕೆ ಇನ್ನೊಂದು ಮಗ್ಗುಲಿದೆ. ಆಗ ಎಷ್ಟೋ ಮನೆಗಳಿಗೆ ಈ ಪೆಟ್ಟಿಗೆ ಬಂದದ್ದೇ ಒಳಗೆ ‘ಚಿಪ್’ ಹಾಕಿಸಿಕೊಂಡು. ಜೊತೆಗೆ ಬಂದದ್ದು ಬೀದಿಬದಿಯ ಡಿಸ್ಕುಗಳು. ಅವೇ ನಕಲು. ನಕಲಿನ ನಕಲಿಗೆ ಕಾನೂನಿನ ಆಸರೆ ಹುಡುಕುವುದು ಕಷ್ಟ. ಹಾಗೆ ಸುಟ್ಟ ಡಿಸ್ಕುಗಳು ಅಚ್ಚೊತ್ತಿದ ಡಿಸ್ಕಿನಷ್ಟು ಬೆಳಕನ್ನು ಹಿಂದಿರುಗಿಸುವುದಿಲ್ಲವಾದ್ದರಿಂದ ದುರ್ಬಲ ಲೇಸರಿಗೆ ಅವನ್ನು ಓದುವುದು ಇನ್ನಷ್ಟು ಕಷ್ಟ. ಅಸಲಿ ಡಿಸ್ಕುಗಳು ಈಗ ಹಳೆಯ ಸಾಮಾನಿನ ಅಂಗಡಿಗಳಲ್ಲಿ, ಕೈಬದಲಾಗುವ ಮಾರುಕಟ್ಟೆಯಲ್ಲಿ ಸಿಗುತ್ತವೆ. ಮಗನಿಗೋ ಮಗಳಿಗೋ ಇಷ್ಟವಾದ ನಾಲ್ಕು ಆಟವನ್ನು ಅಸಲಿಯಾಗಿಯೇ ಕೊಡಿಸಿ, ಅವನ್ನು ಅವರಿಂದಲೇ ಹಾರ್ಡ್ ಡಿಸ್ಕಿಗೆ ಇಳಿಸಿಸುವುದು ನೂರು ಆಟ ತುಂಬಿಸಿಕೊಡುವುದಕ್ಕಿಂತ ಮೇಲು. ನೂರಿದ್ದಾಗ ಯಾವುದನ್ನೂ ಮಕ್ಕಳು ಮುಗಿಸುವುದಿಲ್ಲ ಎಂಬುದೂ ಸತ್ಯ.

ಡಿಸ್ಕಿನ ಡಬ್ಬಿ ಕಪಾಟಿನಲ್ಲಿದ್ದಾಗ ಅದರ ಮೇಲಿನ ವಯಸ್ಸಿನ ಗುರುತು ತಂದೆತಾಯಿಯ ಕಣ್ಣಿಗೆ ಬೀಳುತ್ತಿತ್ತು. 500 ಗಿಗಾಬೈಟಿನ ಡಿಸ್ಕಿನಲ್ಲಿ ನೂರಕ್ಕೂ ಹೆಚ್ಚು ಆಟ ಹಿಡಿಸುತ್ತವೆ. ಪರದೆಯ ಮೇಲೆ ಕಾಣುವುದು ಬರೀ ಹೆಸರಿನ ಪಟ್ಟಿ. ಹದಿನೆಂಟು ದಾಟಿದವರಿಗೆ ಮಾತ್ರ ಎಂದು ಡಬ್ಬಿಯ ಮೇಲೆ ಬರೆದಿದ್ದ ಆಟ, ಅದೇ ಪಟ್ಟಿಯಲ್ಲಿ ಫುಟ್‌ಬಾಲಿನ ಕೆಳಗೆ ಸಾಧುವಾಗಿ ಕೂತಿರುತ್ತದೆ. ಪಟ್ಟಿಯನ್ನು ಒಮ್ಮೆ ಮಕ್ಕಳ ಜೊತೆ ಕೂತು ಓದುವುದು ಒಳ್ಳೆಯದು.

ಅಟ್ಟದ ಪೆಟ್ಟಿಗೆಗೆ ಇಷ್ಟು ಉಪಚಾರ ಏಕೆ ಎನ್ನುವವರಿಗೆ ಒಂದು ಲೆಕ್ಕ ಇಲ್ಲಿದೆ. ಅಮೆರಿಕದ ವಿಡಿಯೊ ಗೇಮ್ ಹಿಸ್ಟರಿ ಫೌಂಡೇಷನ್ 2023ರಲ್ಲಿ ಪ್ರಕಟಿಸಿದ ಅಧ್ಯಯನದ ಪ್ರಕಾರ, ಅಲ್ಲಿ 2010ಕ್ಕೆ ಮೊದಲು ಬಿಡುಗಡೆಯಾದ ಆಟಗಳಲ್ಲಿ ಶೇಕಡಾ 87ರಷ್ಟು ಈಗ ಅಂಗಡಿಯಲ್ಲಿ ಹೊಸದಾಗಿ ದೊರೆಯುವುದಿಲ್ಲ. ಭಾರತದ ಆಟಗಳೂ ಈ ಪ್ಲೇಸ್ಟೇಷನ್-2ರಲ್ಲಿವೆ. ಹೈದರಾಬಾದಿನಲ್ಲಿ ತಯಾರಾಗಿ 2009ರಲ್ಲಿ ಬಂದ ‘ಹನುಮಾನ್: ಬಾಯ್ ವಾರಿಯರ್’ ಒಂದು. ಅದೇ ಊರಿನಿಂದ ಅದೇ ವರ್ಷ ಬಂದ ‘ದೇಸಿ ಅಡ್ಡಾ’ ಇನ್ನೊಂದು. ಅದರಲ್ಲಿ ಕಬಡ್ಡಿ, ಚಿನ್ನಿದಾಂಡು, ಗಾಳಿಪಟ ಎಲ್ಲ ಇವೆ. ಇವುಗಳ ಡಿಸ್ಕುಗಳು ಗೀರು ಬಿದ್ದು, ಓದುವ ಲೇಸರುಗಳು ಕುರುಡಾದರೆ, ನಮ್ಮವರು ಕನ್ಸೋಲಿಗೆ ಮಾಡಿದ ಮೊದಮೊದಲ ಆಟಗಳು ಹೇಗಿದ್ದವು ಎಂದು ನೋಡಲು ಮುಂದಿನವರು ಯಾರದೋ ಹಾರ್ಡ್ ಡಿಸ್ಕನ್ನೇ ನೆಚ್ಚಬೇಕಾಗುತ್ತದೆ.

ಮಾಡಿ ನೋಡುವ ಉತ್ಸಾಹವುಳ್ಳವರಿಗೆ ಒಂದೆರಡು ಮಾತು. ಅಮೆರಿಕದ ನೆಂಟರು ತಂದುಕೊಟ್ಟ ಪೆಟ್ಟಿಗೆಯಾದರೆ ಅದು 120 ವೋಲ್ಟಿನದು; ನಮ್ಮ 230 ವೋಲ್ಟಿನ ಗೋಡೆಗೆ ನೇರವಾಗಿ ಸಿಕ್ಕಿಸಿದರೆ ಅಲ್ಲಿಗೆ ಕಥೆ ಮುಗಿಯಿತು. ಹಿಂಭಾಗದ ಚೀಟಿಯನ್ನು ಮೊದಲು ಓದಬೇಕು. ದಪ್ಪ ಮಾದರಿಯಲ್ಲಿ ಡಿಸ್ಕಿನ ಗೂಡಿಗೆ ಕೈಹಾಕಲು ಪೆಟ್ಟಿಗೆ ಬಿಚ್ಚಬೇಕಿಲ್ಲ, ಹಾಗಾಗಿ ಮಕ್ಕಳೂ ಮಾಡಬಹುದು. ಆದರೆ ಒಳಗೆ ವಿದ್ಯುತ್ ಪೂರೈಸುವ ಭಾಗ ಇರುವುದರಿಂದ ಮೇಲಿನ ಕವಚ ಬಿಚ್ಚುವುದು ದೊಡ್ಡವರ ಕೆಲಸ. ಸೋನಿಯ ಅಡಾಪ್ಟರಿಗೆ ಹಿಡಿಸುವುದು ಹಳೆಯ ಅಗಲ ಪಟ್ಟಿಯ ಐಡಿಇ ಡಿಸ್ಕ್. ಗುಜರಿಯಲ್ಲಿ ಅಗ್ಗಕ್ಕೆ ಸಿಕ್ಕರೂ ಅದಕ್ಕೂ ಇಪ್ಪತ್ತು ವರ್ಷ ಆಗಿರುತ್ತದೆ. ಕುರುಡನ ಕೈಯನ್ನು ಕುಂಟನಿಗೆ ಕೊಟ್ಟಂತಾದೀತು. ಸಾಟಾ ಡಿಸ್ಕ್ ಹಿಡಿಸುವ ಅಡಾಪ್ಟರುಗಳು ಬೇರೆಯವರು ತಯಾರಿಸಿದ್ದು ಸಿಗುತ್ತವೆ, ಅವೇ ಅನುಕೂಲ. ಲೋಡರನ್ನು ಶುರು ಮಾಡಿಸಲು ವಿಶೇಷವಾಗಿ ಸಿದ್ಧಪಡಿಸಿದ ಮೆಮೊರಿ ಕಾರ್ಡ್ ಸಾಕು. ತೀರ ಕೊನೆಯ ತೆಳು ಮಾದರಿಗಳಲ್ಲಿ ಮಾತ್ರ ಅದು ನಡೆಯುವುದಿಲ್ಲ.

ಎಲ್ಲಕ್ಕೂ ಮೊದಲು ಮಾಡಬೇಕಾದ ಕೆಲಸ ಆ ಮೆಮೊರಿ ಕಾರ್ಡಿನದೇ. ಆಟ ಹಾರ್ಡ್ ಡಿಸ್ಕಿನಿಂದ ಓಡಿದರೂ, ಎಲ್ಲಿಯವರೆಗೆ ಆಡಿದ್ದು, ಯಾವ ಕಾರು ಗೆದ್ದದ್ದು ಎಂಬ ದಾಖಲೆಯೆಲ್ಲ ಆ 8 ಮೆಗಾಬೈಟಿನ ಪುಟ್ಟ ಕಾರ್ಡಿನಲ್ಲೇ ಇರುತ್ತದೆ. ಒಂದು ಆಟದ ಡಿಸ್ಕ್ ಹೋದರೆ ಅದೇ ಆಟದ ಇನ್ನೊಂದು ಡಿಸ್ಕ್ ಜಗತ್ತಿನಲ್ಲಿ ಎಲ್ಲಾದರೂ ಇದ್ದೀತು. ಅಣ್ಣ-ತಂಗಿ 2006ರ ಬೇಸಿಗೆ ರಜೆಯಲ್ಲಿ ಕೂಡಿ ಆಡಿ, ಪಟ್ಟಿಯಲ್ಲಿ ಹೆಸರು ಕೊರೆದಿಟ್ಟ ದಾಖಲೆ ಮಾತ್ರ ಇರುವುದು ಅದೊಂದೇ ಕಾರ್ಡಿನಲ್ಲಿ. ಅದನ್ನು ಯುಎಸ್‌ಬಿ ಕಿಂಡಿಯ ಮೂಲಕ ಪೆನ್ ಡ್ರೈವಿಗೆ ನಕಲು ಮಾಡಿಕೊಡುವ ಸಣ್ಣ ತಂತ್ರಾಂಶಗಳಿವೆ. ಇಲ್ಲಿ ಆ ಕಿಂಡಿಯ ಆಮೆವೇಗವೂ ಅಡ್ಡಿಯಲ್ಲ. 8 ಮೆಗಾಬೈಟು ತಾನೆ. ಮೊದಲು ಅದು, ಹಾರ್ಡ್ ಡಿಸ್ಕಿನ ಸಂಭ್ರಮ ಆಮೇಲೆ.